ನಾಲ್ಕನೆಯ ಅಕ್ಷರ

ಹೊಸೂರಿನ ಬಾಗಲೂರು ರಸ್ತೆಯಲ್ಲಿ ನಮ್ಮ ಅಂಗಡಿ.
ಬೋರ್ಡಿನ ಮೇಲೆ ಬಾಯಿಲ್ಲದ ಎರಡು ಸಾಲು ಹಲ್ಲು,
ಕೆಳಗೆ ತಮಿಳು, ತೆಲುಗು, ಕನ್ನಡ. ಮೂಲೆಯಲ್ಲಿ
ಮಾವ ತಾವೇ ಬರೆದ, ಊರಲ್ಲಿ ಯಾರೂ ಓದಲಾರದ
ಒಂದೇ ಒಂದು ಅಕ್ಷರ. ಮನೆತನದ ಹೆಸರು: ತಾನ್.

ಮದುವೆಯಾದ ಹೊಸದರಲ್ಲಿ ನಕ್ಕಿದ್ದೆ ನಾನು:
ಎಲ್ಲಕ್ಕಿಂತ ಮುಂಚೆ 'ತಾನು' ಅನ್ನುತ್ತೀರಲ್ಲ ಮಾವ!
ಯಾರದೋ ಕಟ್ಟುಹಲ್ಲಿಗೆ ಅರ ಉಜ್ಜುತ್ತಲೇ ಹೇಳಿದರು:
ಮೊದಲಿನದು ಮನೆಯದು. ಎರಡನೆಯದು ತಲೆಮಾರಿನದು.
ಮೂರನೆಯದು ಮಾತ್ರ ನಿನ್ನದು.
ಅದನ್ನೂ ಅಜ್ಜನೇ ಇಡುತ್ತಾನೆ.

ಆ ಎರಡನೆಯದರದ್ದೇ ಒಂದು ಪದ್ಯವಂತೆ.
ಹೂಬೇ ಸೀಮೆಯ ಯಾವುದೋ ಹಳ್ಳಿಯಲ್ಲಿ
ಹಿರಿಯರು ಕೂತು ಕಟ್ಟಿದ್ದು. ಇಪ್ಪತ್ತೇ ಅಕ್ಷರ, ತಲೆಮಾರಿಗೊಂದು.
ಓದಿ ಮುಗಿಸಲು ಐನೂರು ವರ್ಷ ಬೇಕು.
ಶೌ, ಕಾಯುವುದು: ಅಜ್ಜ.
ಡೆ, ಒಳ್ಳೆಯತನ: ಮಾವ.
ಚ್ವಾನ್, ಕೈಯಿಂದ ಕೈಗೆ ದಾಟಿಸುವುದು: ನನ್ನ ಗಂಡ,
ಊರಿನ ಬಾಯಲ್ಲಿ ಚನ್ನಣ್ಣ.

ಅಜ್ಜ ಇಕ್ಕಳದ ಚೀಲದ ಜೊತೆ ಹೊತ್ತು ತಂದದ್ದು ಐದಕ್ಷರ.
ಮಿಕ್ಕ ಹದಿನೈದು ವಂಶದ ಪುಸ್ತಕದಲ್ಲಿತ್ತು,
ಪುಸ್ತಕ ಅಲ್ಲೇ ಉಳಿಯಿತು. ಅರವತ್ತೆರಡರಲ್ಲಿ
ವಾರವಾರವೂ ಠಾಣೆಗೆ ಹೋಗಿ ರುಜು ಹಾಕಿ ಬರುತ್ತಿದ್ದರಂತೆ.
ಬರಬೇಕಿದ್ದ ಕಾಗದ ಒಂದೂ ಬರಲಿಲ್ಲ.

ಒಲೆಯ ಮೇಲಿನ ಗೂಡಿನಲ್ಲಿ ಒಲೆದೇವರ ಪಟ.
ವರ್ಷದ ಕೊನೆಗೆ ಅವನು ಮೇಲೆ ಹೋಗಿ
ಮನೆಯ ಮಾತೆಲ್ಲ ಒಪ್ಪಿಸುತ್ತಾನೆಂದು
ತುಟಿಗೆ ಸಿಹಿ ಸವರಿ ಕಳಿಸುವುದು ಅತ್ತೆಯ ಕೆಲಸವಾಗಿತ್ತು.
ಈಗ ನನ್ನದು. ಸವರುವುದು ಬೆಲ್ಲದ ಪಾಕ,
ತುಸು ಧಾರಾಳವಾಗಿಯೇ:
ಗುಟ್ಟುಗಳು ಬಹುಪಾಲು ನನ್ನವು.

ಮಹಾಲಯದಲ್ಲಿ ನಾನು ನಮ್ಮಪ್ಪನಿಗೆ ಎಡೆಯಿಟ್ಟರೆ
ಮಾವ ಪಕ್ಕದಲ್ಲೇ ಮೂರು ಊದುಬತ್ತಿ ಸಿಕ್ಕಿಸುತ್ತಿದ್ದರು.
ಕಾಗೆ ತಡಮಾಡಿದರೆ ನನಗಿಂತ ಅವರಿಗೇ ಚಡಪಡಿಕೆ.
'ಇನ್ನೊಂದು ಸಲ ಕರೆಯಮ್ಮ. ಹಸಿದಿರುತ್ತಾರೆ.'

ಮಗಳು ಹುಟ್ಟಿದಳು.
ಹೆಣ್ಣುಮಕ್ಕಳಿಗೆ ಪದ್ಯದ ಅಕ್ಷರ ಕೊಡುವ ವಾಡಿಕೆಯಿಲ್ಲ.
ಮೂರು ದಿನ ಮಾವ ಮಾತಾಡಲಿಲ್ಲ. ನಾಲ್ಕನೆಯ ದಿನ
ಹಲ್ಲಿನ ಅಚ್ಚು ತೆಗೆಯುವ ಮೇಣದ ಹಾಳೆಯ ಮೇಲೆ
ಕಡ್ಡಿಯಿಂದ ಕೊರೆದು ತಂದರು: ಜ್ಯಾ.
ಮನೆಗೂ ಮನೆಮಂದಿಗೂ ಅದೊಂದೇ ಅಕ್ಷರ.
ಮೇಲಿನದು ಸೂರು. ಸೂರಿನ ಕೆಳಗೆ ಯಾರು ಮಾವ, ದೇವರೇ?
'ಹಂದಿ' ಅಂದರು.
ಕೊರಳಲ್ಲಿ ಲಿಂಗವಿದ್ದ ನಮ್ಮಮ್ಮ
ಬಾಣಂತಿ ಮಂಚದ ಪಕ್ಕದಿಂದ ಎದ್ದೇ ನಿಂತಳು.
ಆಮೇಲೆ ಕೂತು, ಎಲೆಗೆ ಸುಣ್ಣ ಸವರಿ, ಯೋಚಿಸಿ,
'ಸೂರಿನ ಕೆಳಗೆ ಇದೆಯಲ್ಲ. ಇರಲಿ ಬಿಡಿ' ಅಂದಳು.

ಜ್ಯಾ-ಲಿ. ಶಾಲೆಯ ಮೇಷ್ಟ್ರು ಎರಡು ಸಲ ಕೇಳಿ
'ಜಾಲಿ' ಎಂದು ಬರೆದುಕೊಂಡರು. ತಿದ್ದಿಸಲಿಲ್ಲ ನಾವು.
ಜೂಜುವಾಡಿ ಗೇಟಿನ ಆಚೆಗೂ ಈಚೆಗೂ
ನೆಟ್ಟವರಿಲ್ಲದೆ ನಿಂತಿದೆಯಲ್ಲ ಆ ಮುಳ್ಳಿನ ಗಿಡ.

ಈ ವರ್ಷ ಮಾವ ಹೋದರು.
ಹಲಗೆಯ ಮೇಲೆ ಅವರ ಹೆಸರನ್ನು ಇವರು
ಫೋನಿನಲ್ಲಿ ನೋಡಿ ನೋಡಿ, ರಂಗೋಲಿಯ ಹಾಗೆ ಬಿಡಿಸಿದರು.
ಕೊನೆಯ ಅಕ್ಷರದ ನೆತ್ತಿಯ ಚುಕ್ಕೆ ಬಿಡಬೇಕು.
ಚುಕ್ಕೆ ಇಡುವ ತನಕ ಅದು ಬರೀ ಮರ,
ಇಟ್ಟ ಗಳಿಗೆಯಿಂದ ಅದರಲ್ಲಿ ಅವರಿರುತ್ತಾರೆ.
ಓದಿದ ದೊಡ್ಡ ಮನುಷ್ಯರನ್ನು ಕರೆಸಿ,
ಕೆಂಪಿನಲ್ಲಿ ಇಡಿಸಬೇಕಂತೆ.
ಆ ಲಿಪಿ ಓದಿದವರು ಹೊಸೂರಿನಲ್ಲಿ ಯಾರು?

ಎಲ್ಲರೂ ಸುಮ್ಮನೆ ನಿಂತೇ ಇದ್ದೆವು. ಜಾಲಿ
ನನ್ನ ಕುಂಕುಮದ ಭರಣಿಗೆ ಉಂಗುರದ ಬೆರಳದ್ದಿ
ಚಿಕ್ಕವಳಿದ್ದಾಗ ಅಜ್ಜನ ಹಣೆಗೆ ಒತ್ತುತ್ತಿದ್ದಂತೆಯೇ
ಒತ್ತಿಬಿಟ್ಟಳು. ತುಸು ವಾರೆಯಾಯಿತು.

ರಾತ್ರಿ ಕೇಳಿದಳು: ಐದನೆಯದು ಯುವಾನ್, ಅಂದರೆ ದೂರ.
ಅದಾದ ಮೇಲೆ?
ನಿನ್ನ ಮಕ್ಕಳ ತನಕ ಇದೆಯಲ್ಲ, ಮಲಗು ಅಂದೆ.
ಬೆಳಿಗ್ಗೆ ನೋಡಿದರೆ ಲೆಕ್ಕದ ಪುಸ್ತಕದ ಕೊನೆಯ ಹಾಳೆಯಲ್ಲಿ
ಚೌಕಾಬಾರಕ್ಕೆ ಗೀಚುವ ಹಾಗೆ ಗೀಚಿಟ್ಟಿದ್ದಾಳೆ
ಹದಿನೈದು ಖಾಲಿ ಮನೆ.